ಅರ್ಧ ಅವರಿಗೆ, ಅರ್ಧ ಇವರಿಗೆ: ಅಂತರ್ಯುದ್ಧದ ಸಾಕ್ಷ್ಯಚಿತ್ರದಲ್ಲಿ ಸಮತೋಲನದ ಪ್ರಶ್ನೆ

ಪ್ರಶ್ನೆ: ಶ್ರೀಲಂಕಾದ ಅಂತರ್ಯುದ್ಧದ ಬಗ್ಗೆ 70 ನಿಮಿಷಗಳ ಸಾಕ್ಷ್ಯಚಿತ್ರವೊಂದನ್ನು ಮಾಡುತ್ತಿದ್ದೇನೆ. ಯಾರಿಗೂ ಅನ್ಯಾಯವಾಗಬಾರದೆಂದು ಸಿಂಹಳೀಯರ ಮಾತಿಗೆ 35 ನಿಮಿಷ, ತಮಿಳರ ಮಾತಿಗೆ 35 ನಿಮಿಷ ಎಂದು ಲೆಕ್ಕ ಹಾಕಿಯೇ ಸಂಕಲನ ಮಾಡಿದ್ದೇನೆ. ಆದರೆ ಕಚ್ಚಾ ಪ್ರತಿಯನ್ನು ನೋಡಿದ ಎರಡೂ ಸಮುದಾಯಗಳ ಸ್ನೇಹಿತರು ಸಿಟ್ಟಾದರು; ಮೂರನೆಯವರೊಬ್ಬರು ‘ಚಿತ್ರ ಏನನ್ನೂ ಹೇಳುತ್ತಿಲ್ಲ’ ಎಂದರು. ನಾನು ಎಡವಿದ್ದೆಲ್ಲಿ? ಬಂದೂಕು ಹಿಡಿದಿದ್ದವರನ್ನೂ ಅವರಿಂದ ನೊಂದವರನ್ನೂ ಸಂದರ್ಶಿಸುವಾಗ ಯಾವ ಎಚ್ಚರ ಬೇಕು?

ಉತ್ತರ: ಎರಡೂ ಕಡೆಯವರು ಬೈದರೆ ಚಿತ್ರ ಸರಿಯಾಗಿ ಬಂದಿದೆ ಎಂದೇ ಅರ್ಥ ಎಂಬ ಮಾತು ನಮ್ಮ ವೃತ್ತಿಯಲ್ಲಿ ಬಹಳ ಕಾಲದಿಂದ ಓಡಾಡುತ್ತಿದೆ. ದಯವಿಟ್ಟು ಅದನ್ನು ನಂಬಿ ಸಮಾಧಾನಪಟ್ಟುಕೊಳ್ಳಬೇಡಿ. ಇಬ್ಬರ ಬಗ್ಗೆಯೂ ತಪ್ಪು ಹೇಳಿದಾಗಲೂ ಇಬ್ಬರೂ ಬೈಯುತ್ತಾರೆ. ನಿಮ್ಮ ಮೂರನೆಯ ಸ್ನೇಹಿತರ ಮಾತನ್ನೇ ನಾನು ಹೆಚ್ಚು ಗಂಭೀರವಾಗಿ ತೆಗೆದುಕೊಳ್ಳುತ್ತೇನೆ. ಗಡಿಯಾರ ನೋಡಿ ಮಾತು ಹಂಚಿದ ಚಿತ್ರ ಏನನ್ನೂ ಹೇಳದೆ ಹೋಗುವುದು ಸಹಜ, ಏಕೆಂದರೆ 70 ನಿಮಿಷವನ್ನು ನಡುವೆ ಸೀಳಿದಾಗಲೇ ಅದು ತನ್ನ ದೊಡ್ಡ ತೀರ್ಮಾನವನ್ನು ಮಾಡಿಯಾಗಿರುತ್ತದೆ: ಈ ಯುದ್ಧಕ್ಕೆ ಇದ್ದದ್ದು ಎರಡೇ ಕಡೆ, ಆ ದ್ವೀಪದಲ್ಲಿದ್ದ ಪ್ರತಿಯೊಬ್ಬರೂ ಹುಟ್ಟಿನಿಂದಲೇ ಅವುಗಳಲ್ಲೊಂದಕ್ಕೆ ಸೇರಿದವರು, ಒಬ್ಬ ತಮಿಳ ಬಾಯಿಬಿಟ್ಟರೆ ತಮಿಳರೆಲ್ಲ ಮಾತನಾಡಿದಂತೆ, ಒಬ್ಬ ಸಿಂಹಳೀಯ ಬಾಯಿಬಿಟ್ಟರೆ ಸಿಂಹಳೀಯರೆಲ್ಲ ಮಾತನಾಡಿದಂತೆ. 1983ರಿಂದ 2009ರವರೆಗೆ ಬಂದೂಕು ಹಿಡಿದ ಪಡೆಗಳು ಜನರ ತಲೆಗೆ ತುಂಬುತ್ತಾ ಬಂದದ್ದೂ ಇದನ್ನೇ. ನಿಮ್ಮ ಸಂಕಲನ ತನಗೆ ಗೊತ್ತಿಲ್ಲದೆಯೇ ಅವರ ವಾದಕ್ಕೆ ಸಹಿ ಹಾಕಿದೆ.

ನಿಮ್ಮ 35 ಮತ್ತು 35ರಲ್ಲಿ ಯಾರಿಗೆ ಜಾಗ ಸಿಕ್ಕಿಲ್ಲ ಎಂದು ಒಂದು ಹಾಳೆಯ ಮೇಲೆ ಬರೆಯುತ್ತಾ ಕೂತರೆ ಹಾಳೆ ಸಾಲುವುದಿಲ್ಲ. ಲಂಕೆಯ ಮುಸ್ಲಿಮರಲ್ಲಿ ಹೆಚ್ಚಿನವರ ಮನೆಮಾತು ತಮಿಳು, ಆದರೆ ಅವರು ತಮ್ಮನ್ನು ತಮಿಳರೆಂದು ಕರೆದುಕೊಳ್ಳುವುದಿಲ್ಲ. 1990ರ ಅಕ್ಟೋಬರ್‌ನಲ್ಲಿ, ಪ್ರತ್ಯೇಕ ತಮಿಳು ನಾಡಿಗಾಗಿ ಬಂದೂಕು ಹಿಡಿದಿದ್ದ ಎಲ್‌ಟಿಟಿಇ ಉತ್ತರ ಪ್ರಾಂತ್ಯದಿಂದ 70,000ಕ್ಕೂ ಹೆಚ್ಚು ಮುಸ್ಲಿಮರನ್ನು ಹೊರಗಟ್ಟಿದಾಗ ಜಾಫ್ನಾ ಪಟ್ಟಣದವರಿಗೆ ಸಿಕ್ಕ ಗಡುವು ಎರಡು ಗಂಟೆ. ಅವರಲ್ಲಿ ಅನೇಕರ ಮಕ್ಕಳು, ಮೊಮ್ಮಕ್ಕಳು ಪುತ್ತಳಂ ಕಡೆಯ ನಿರಾಶ್ರಿತರ ನೆಲೆಗಳಲ್ಲೇ ಬೆಳೆದರು. ಬ್ರಿಟಿಷರ ಕಾಲದಲ್ಲಿ ಚಹಾ ತೋಟಗಳ ಕೂಲಿಗೆಂದು ದಕ್ಷಿಣ ಭಾರತದಿಂದ ಹೋದವರ ಸಂತತಿಯ ಮಲಯಹ ತಮಿಳರು 1948ರ ಪೌರತ್ವ ಕಾಯ್ದೆಯಿಂದ ಹುಟ್ಟಿದ ನೆಲದಲ್ಲೇ ಯಾವ ದೇಶಕ್ಕೂ ಸೇರದವರಾದರು. ಅವರ ಕಥೆ ಜಾಫ್ನಾದ ತಮಿಳರ ಕಥೆಯೂ ಅಲ್ಲ. ಇನ್ನು 1971ರಲ್ಲಿ ಒಮ್ಮೆ, 1987ರಿಂದ 1989ರವರೆಗೆ ಇನ್ನೊಮ್ಮೆ ಸಿಂಹಳ ಯುವಕರ ಎಡಪಂಥೀಯ ಪಕ್ಷವಾದ ಜೆವಿಪಿ ದಂಗೆ ಎದ್ದಾಗ ದಕ್ಷಿಣದ ಹಳ್ಳಿಗಳಲ್ಲಿ ಸತ್ತವರು, ಕಾಣೆಯಾದವರು, ಅವರನ್ನು ಕೊಂದವರು ಬಹುಪಾಲು ಸಿಂಹಳೀಯರೇ. ಎರಡನೆಯ ದಂಗೆಯಲ್ಲಿ ಕಾಣೆಯಾದವರ ಸಂಖ್ಯೆಯೇ ಹತ್ತಾರು ಸಾವಿರ. ಟೈರು ಹಾಕಿ ಸುಟ್ಟ ಮಗನ ಶವವನ್ನು ರಸ್ತೆ ಬದಿಯಲ್ಲಿ ಹುಡುಕಿದ ಸಿಂಹಳ ತಾಯಿಗೂ, ಮಗನನ್ನು ಸೈನ್ಯದ ವಶಕ್ಕೆ ಒಪ್ಪಿಸಿ ಮತ್ತೆ ಕಾಣದ ತಮಿಳು ತಾಯಿಗೂ ನಡುವೆ ಇರುವ ನಂಟು ನಿಮ್ಮ ಚಿತ್ರದಲ್ಲಿ ಕಾಣಿಸಲು ಸಾಧ್ಯವೇ ಇಲ್ಲ, ಏಕೆಂದರೆ ಅವರಿಬ್ಬರನ್ನೂ ನೀವು ಎದುರುಬದುರು ಕುಳ್ಳಿರಿಸಿದ್ದೀರಿ.

ಇದಕ್ಕಿಂತಲೂ ಮುಖ್ಯವಾದ ಗುಂಪು ಇನ್ನೊಂದಿದೆ: ತಮ್ಮವರೆನಿಸಿಕೊಂಡವರ ಕೈಯಲ್ಲೇ ಸತ್ತವರು. 1975ರಲ್ಲಿ ಗುಂಡಿಗೆ ಬಲಿಯಾದ ಜಾಫ್ನಾದ ಮೇಯರ್ ಆಲ್‌ಫ್ರೆಡ್ ದುರೈಯಪ್ಪ ತಮಿಳರು. 1989ರ ಜುಲೈಯಲ್ಲಿ ಕೊಲಂಬೊದಲ್ಲಿ ಹತರಾದ ತಮಿಳು ನಾಯಕ ಅಮೃತಲಿಂಗಂ, ಅದೇ ಸೆಪ್ಟೆಂಬರ್‌ನಲ್ಲಿ ಜಾಫ್ನಾದಲ್ಲಿ ಗುಂಡೇಟಿಗೆ ಸಿಕ್ಕ ವೈದ್ಯಕೀಯ ಅಧ್ಯಾಪಕಿ ರಜನಿ ತಿರಣಗಮ, 1999ರಲ್ಲಿ ಆತ್ಮಾಹುತಿ ದಾಳಿಗೆ ಬಲಿಯಾದ ಸಂವಿಧಾನ ತಜ್ಞ ನೀಲನ್ ತಿರುಚೆಲ್ವಂ ಇವರೆಲ್ಲರೂ ತಮಿಳರೇ. ಅತ್ತ 2009ರ ಜನವರಿ 8ರಂದು ಕೊಲಂಬೊದ ರಸ್ತೆಯಲ್ಲಿ ಕೊಲೆಯಾದ ಪತ್ರಿಕಾ ಸಂಪಾದಕ ಲಸಂತ ವಿಕ್ರಮತುಂಗೆ ಸಿಂಹಳೀಯರು. ರುವಾಂಡಾದಲ್ಲಿಯೂ 1994ರ ಏಪ್ರಿಲ್ 7ರಂದು, ಹುಟುಗಳು ಟುಟ್ಸಿಗಳ ಮೇಲೆ ನಡೆಸಿದ ನರಮೇಧದ ಮೊದಲ ದಿನವೇ, ಪ್ರಧಾನಿ ಅಗಾತ್ ಉವಿಲಿಂಗಿಯಿಮಾನ ಅವರನ್ನು ಕೊಂದರು; ಅವರು ಹುಟು, ಕೊಂದ ಸೈನಿಕರೂ ಹುಟುಗಳ ಪಕ್ಷದವರೇ. ಇದು ಕಾಕತಾಳೀಯವಲ್ಲ. ಜನರನ್ನು ಎರಡೇ ಪಾಲು ಮಾಡಬೇಕಾದರೆ ನಡುವೆ ನಿಂತವರನ್ನು ಮೊದಲು ತೆಗೆಯಬೇಕಾಗುತ್ತದೆ, ಮತ್ತು ಆ ಕೆಲಸವನ್ನು ಸಾಮಾನ್ಯವಾಗಿ ಅವರ ಮನೆಯ ಕಡೆಯವರೇ ಮಾಡುತ್ತಾರೆ. ಜೂಡ್ ರತ್ನಂ ಎಂಬ ಲಂಕಾ ತಮಿಳು ನಿರ್ದೇಶಕರು 2017ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದ ‘ಡೀಮನ್ಸ್ ಇನ್ ಪ್ಯಾರಡೈಸ್’ ಚಿತ್ರ ಹೆಜ್ಜೆಯಿಟ್ಟದ್ದು ಈ ಕಡೆಗೆ: ಐದು ವರ್ಷದ ಹುಡುಗನಾಗಿ 1983ರ ಹಿಂಸೆಯಿಂದ ಓಡಿಹೋದವರು ದೊಡ್ಡವರಾದ ಮೇಲೆ ಕ್ಯಾಮೆರಾವನ್ನು ತಮಿಳು ಹೋರಾಟಗಾರ ಗುಂಪುಗಳು ಒಂದನ್ನೊಂದು ಕೊಂದ ಇತಿಹಾಸದತ್ತ ತಿರುಗಿಸಿದರು. ಹೊರಗಿನವರಾದ ನೀವು ಅದನ್ನೇ ಹಾಗೆಯೇ ಮಾಡಲು ಬರುವುದಿಲ್ಲ, ಆದರೆ ಆ ಪ್ರಶ್ನೆಯನ್ನು ಕೇಳಲು ಅಡ್ಡಿಯಿಲ್ಲ.

ಗೆರೆಯನ್ನು ಬೀದಿಯಲ್ಲಿ ಹೇಗೆ ಎಳೆದರು ಎಂಬುದನ್ನು ತೋರಿಸಲು ಭಾಷಣಗಳ ದೃಶ್ಯಗಳಿಗಿಂತ ಸಣ್ಣ ವಸ್ತುಗಳು ಹೆಚ್ಚು ಉಪಯೋಗಕ್ಕೆ ಬರುತ್ತವೆ. 1983ರ ಜುಲೈಯಲ್ಲಿ ಕೊಲಂಬೊದ ರಸ್ತೆಗಳಲ್ಲಿ ತಮಿಳರನ್ನು ಹುಡುಕುತ್ತಿದ್ದ ಸಿಂಹಳ ಗುಂಪುಗಳು ವಾಹನ ನಿಲ್ಲಿಸಿ, ಒಳಗಿದ್ದವರಿಂದ ‘ಬಾಲ್ದಿಯ’ ಎಂಬ ಸಿಂಹಳ ಪದವನ್ನು ಹೇಳಿಸುತ್ತಿದ್ದವೆಂದು ಬದುಕುಳಿದ ಹಲವರು ನೆನಪಿಸಿಕೊಂಡಿದ್ದಾರೆ. ಮೊದಲ ಅಕ್ಷರ ‘ಬ’ ಎಂದು ಗಟ್ಟಿಯಾಗಿ ಬಂದರೆ ಮುಂದೆ ಹೋಗಬಹುದು. ‘ವ’ದ ಕಡೆಗೆ ಜಾರಿದರೆ ಇಳಿಯಬೇಕು. ನಾವೂ ನೀರು ತುಂಬುವ ಪಾತ್ರೆಗೆ ಬಾಲ್ದಿ ಎನ್ನುತ್ತೇವಲ್ಲ, ಅದೇ ಪದ. ಅದು ಸಿಂಹಳವೂ ಅಲ್ಲ, ತಮಿಳೂ ಅಲ್ಲ. ಪೋರ್ಚುಗೀಸರು ಬಿಟ್ಟುಹೋದ ಮಾತು. ಲೆಬನಾನಿನ ಅಂತರ್ಯುದ್ಧದಲ್ಲಿ ಇದೇ ಕೆಲಸಕ್ಕೆ ಟೊಮೆಟೊ ಹಣ್ಣಿನ ಅರಬ್ಬಿ ಹೆಸರು ಬಳಕೆಯಾಯಿತು. ನೀವು ಖಾಲಿ ಬಾಲ್ದಿಯೊಂದನ್ನು ಮೇಜಿನ ಮೇಲಿಟ್ಟು, ಆ ವಾರ ಕೊಲಂಬೊದಲ್ಲಿದ್ದ ನಾಲ್ಕೈದು ವೃದ್ಧರಿಂದ ಆ ಪದವನ್ನು ಹೇಳಿಸಿ, ಅಂದು ಏನಾಯಿತೆಂದು ಕೇಳಿದರೆ, ‘ಜನಾಂಗ’ ಎಂಬ ದೊಡ್ಡ ಪದ ನಾಲಿಗೆಯ ತುದಿಗೆ ಇಳಿದು ಬರುತ್ತದೆ. ಸಿಂಹಳವನ್ನು ಅಚ್ಚುಕಟ್ಟಾಗಿ ಆಡಬಲ್ಲ ತಮಿಳನೊಬ್ಬ ದಾಟಿಹೋದದ್ದೂ, ಪಕ್ಕದ ಮನೆಯ ಸಿಂಹಳೀಯರು ತಮಿಳು ಕುಟುಂಬವನ್ನು ಬಚ್ಚಿಟ್ಟದ್ದೂ ಆಗ ತಾವಾಗಿಯೇ ಹೊರಬರುತ್ತವೆ. ಆದರೆ ಬಚ್ಚಿಟ್ಟವರ ಕಥೆಯನ್ನು ಚಿತ್ರದ ಕೊನೆಗೆ ಸಿಹಿಯಂತೆ ಬಡಿಸಬೇಡಿ. ಎಷ್ಟು ಮಂದಿ ಬಚ್ಚಿಟ್ಟರು, ಎಷ್ಟು ಮಂದಿ ಕಿಟಕಿ ಮುಚ್ಚಿಕೊಂಡರು ಎಂಬುದೂ ಅದರ ಜೊತೆಗೇ ಬರಬೇಕು.

ಈಗ ನಿಮ್ಮ ಕಚ್ಚಾ ಪ್ರತಿಯ ಮೊದಲ ಶಾಟ್‌ಗೆ ಬರುತ್ತೇನೆ. ಅದು ಯಾವ ತಾರೀಖಿನದು ಎಂದು ನೀವು ಹೇಳಿಲ್ಲ, ಆದರೆ ಬಹುಶಃ 1983ರ ಜುಲೈ ಎಂದು ಊಹಿಸುತ್ತೇನೆ, ಏಕೆಂದರೆ ಹೆಚ್ಚಿನವರು ಅಲ್ಲಿಂದಲೇ ಹೊರಡುತ್ತಾರೆ. ಅಂತರ್ಯುದ್ಧದ ಚಿತ್ರದಲ್ಲಿ ಪಕ್ಷಪಾತ ನುಸುಳುವುದು ಸಂದರ್ಶನದ ನಿಮಿಷಗಳಲ್ಲಿ ಕಡಿಮೆ, ಆರಂಭದ ತಾರೀಖಿನಲ್ಲಿ ಹೆಚ್ಚು. ಜುಲೈ 23ರ ರಾತ್ರಿ ಜಾಫ್ನಾದ ತಿರುನೆಲ್ವೇಲಿಯಲ್ಲಿ ಎಲ್‌ಟಿಟಿಇ ಹೊಂಚುದಾಳಿಯಲ್ಲಿ 13 ಮಂದಿ ಸೈನಿಕರನ್ನು ಕೊಂದಿತು. ಅಲ್ಲಿಂದ ಶುರು ಮಾಡಿದರೆ ಕೊಲಂಬೊದ ಹಿಂಸೆ ‘ಪ್ರತಿಕ್ರಿಯೆ’ಯಾಗುತ್ತದೆ. ಎರಡು ವರ್ಷ ಹಿಂದಕ್ಕೆ ಹೋಗಿ 1981ರ ಮೇ 31ರ ರಾತ್ರಿ ಸುಮಾರು 97,000 ಪುಸ್ತಕ, ತಾಳೆಗರಿಗಳೊಂದಿಗೆ ಸುಟ್ಟುಹೋದ ಜಾಫ್ನಾ ಗ್ರಂಥಾಲಯದಿಂದ ಶುರು ಮಾಡಿದರೆ ಹೊಂಚುದಾಳಿಯೇ ಪ್ರತಿಕ್ರಿಯೆಯಾಗುತ್ತದೆ. ಆದರೆ ಅದೇ ದಿನ ತಮಿಳು ಪಕ್ಷದ ಸಭೆಯೊಂದರಲ್ಲಿ ಪೊಲೀಸರು ಗುಂಡಿಗೆ ಬಲಿಯಾಗಿದ್ದರು ಎಂದು ಇನ್ನೊಬ್ಬರು ತಕ್ಷಣ ನೆನಪಿಸುತ್ತಾರೆ. 1956ರಲ್ಲಿ ಸಿಂಹಳವನ್ನು ಏಕೈಕ ಅಧಿಕೃತ ಭಾಷೆಯನ್ನಾಗಿ ಮಾಡಿದ ಕಾಯ್ದೆಯಿಂದ ಶುರು ಮಾಡಿದರೆ ತಮಿಳರ ವಾದಕ್ಕೆ ಅಡಿಪಾಯ ಸಿಗುತ್ತದೆ. ಅದಕ್ಕೂ ಹಿಂದೆ ಹೋಗಿ, ಬ್ರಿಟಿಷರ ಕಾಲದಲ್ಲಿ ಇಂಗ್ಲಿಷ್ ಕಲಿತ ತಮಿಳರು ಸರ್ಕಾರಿ ನೌಕರಿಗಳಲ್ಲಿ ತಮ್ಮ ಜನಸಂಖ್ಯೆಯ ಪಾಲಿಗಿಂತ ಹೆಚ್ಚಿದ್ದರು ಎಂಬ ಅಂಶದಿಂದ ಶುರು ಮಾಡಿದರೆ ಸಿಂಹಳೀಯರ ಅಸಮಾಧಾನಕ್ಕೆ ಅಡಿಪಾಯ ಸಿಗುತ್ತದೆ. ಇನ್ನೂ ಹಿಂದಕ್ಕೆ ಹೋಗುವವರು ಪ್ರಾಚೀನ ಕಾಲದ ಸಿಂಹಳ ಅರಸ ದುಟ್ಟಗಾಮಣಿ ಮತ್ತು ತಮಿಳು ಅರಸ ಎಳಾರರ ಕಾಳಗಕ್ಕೇ ಹೋಗಿ ನಿಲ್ಲುತ್ತಾರೆ. ಇಲ್ಲಿ ಒಂದು ಮಾತನ್ನು ಬಿಡಲಾರೆ: ಎರಡು ಜನಾಂಗಗಳ ಸನಾತನ ವೈರಕ್ಕೆ ಸಾಕ್ಷಿಯಾಗಿ ರಾಜಕಾರಣಿಗಳು ಎತ್ತಿಹಿಡಿಯುವ, ಲಂಕೆಯ ಹಳೆಯ ಪಾಲಿ ಇತಿಹಾಸಕಾವ್ಯವಾದ ಮಹಾವಂಸದಲ್ಲೇ, ಗೆದ್ದ ದುಟ್ಟಗಾಮಣಿಯು ಎಳಾರನಿಗೆ ಸ್ಮಾರಕ ಕಟ್ಟಿಸಿದ್ದೂ, ಆ ಜಾಗವನ್ನು ಹಾಯುವಾಗ ಮುಂದಿನ ಅರಸರೂ ವಾದ್ಯಗಳನ್ನು ನಿಲ್ಲಿಸುತ್ತಿದ್ದದ್ದೂ ಬರುತ್ತದೆ.

ಸರಿಯಾದ ಆರಂಭ ಯಾವುದೆಂದು ನೀವು ಕೇಳಬಹುದು. ಇತಿಹಾಸಕಾರರು ಅದಕ್ಕೆ ಪುಟಗಟ್ಟಲೆ ಉತ್ತರ ಬರೆಯಬಲ್ಲರು; 70 ನಿಮಿಷದ ಚಿತ್ರಕ್ಕೆ ಆ ಅನುಕೂಲವಿಲ್ಲ. ಆದ್ದರಿಂದ ಆರಂಭದ ಕುರಿತ ಜಗಳವನ್ನೇ ಚಿತ್ರದೊಳಗೆ ತನ್ನಿ. ನಿಮ್ಮ ಬಳಿ ಇರುವ ಪ್ರತಿಯೊಬ್ಬರ ಸಂದರ್ಶನದಲ್ಲೂ ‘ಇದೆಲ್ಲ ಶುರುವಾದದ್ದು ಯಾವಾಗ?’ ಎಂಬ ಪ್ರಶ್ನೆಗೆ ಉತ್ತರವಿದ್ದರೆ, ಆ ಉತ್ತರಗಳನ್ನಷ್ಟೇ ಕತ್ತರಿಸಿ ಸಾಲಾಗಿ ಇಟ್ಟು ನೋಡಿ. ಒಬ್ಬರು 1956 ಎನ್ನುತ್ತಾರೆ, ಒಬ್ಬರು 1983 ಎನ್ನುತ್ತಾರೆ, ಒಬ್ಬ ಮುಸ್ಲಿಂ ಮುದುಕಿ 1990 ಎನ್ನಬಹುದು, ದಕ್ಷಿಣದ ಹಳ್ಳಿಯವರು 1971 ಎನ್ನಬಹುದು. ಪ್ರತಿಯೊಬ್ಬರ ಯುದ್ಧವೂ ಅವರ ಮನೆಗೆ ಅದು ಕಾಲಿಟ್ಟ ದಿನವೇ ಹುಟ್ಟಿದೆ. ಅವರವರ ಕಡೆಯ ಪಠ್ಯಪುಸ್ತಕ ಹೇಳುವ ದಿನಕ್ಕೂ ಈ ದಿನಕ್ಕೂ ಹೊಂದಾಣಿಕೆಯಾಗದಿರುವುದನ್ನು ನೋಡುಗನೇ ಕಂಡುಕೊಳ್ಳುತ್ತಾನೆ.

ಆರಂಭದ ತಾರೀಖಿನ ಮೇಲಿನಷ್ಟೇ ಬಳಸುವ ಪದಗಳ ಮೇಲೂ ಕಣ್ಣಿಡಬೇಕು. ನಿಮ್ಮ ನಿರೂಪಣೆಯಲ್ಲಿ 1983ರ ಘಟನೆಗೆ ‘ಗಲಭೆ’ ಎಂದು ಬರೆದಿದ್ದರೆ ಅದನ್ನು ಇನ್ನೊಮ್ಮೆ ಯೋಚಿಸಿ. ಗಲಭೆ ಎಂದರೆ ಎರಡು ಗುಂಪುಗಳು ಬೀದಿಗಿಳಿದು ಹೊಡೆದಾಡಿದ ಚಿತ್ರವೇ ನೋಡುಗರ ಕಣ್ಣಿಗೆ ಕಟ್ಟುತ್ತದೆ. ಕೊಲಂಬೊದಲ್ಲಿ ಗುಂಪುಗಳ ಕೈಯಲ್ಲಿ ಮತದಾರರ ಪಟ್ಟಿಗಳಿದ್ದವು, ಅವುಗಳನ್ನು ನೋಡಿ ತಮಿಳರ ಮನೆ ಮತ್ತು ಅಂಗಡಿಗಳನ್ನು ಗುರುತಿಸಿದರು. ಜುಲೈ 25 ಮತ್ತು 27ರಂದು ಸರ್ಕಾರದ ವಶದಲ್ಲಿದ್ದ ವೆಲಿಕಡ ಜೈಲಿನೊಳಗೇ 53 ಮಂದಿ ತಮಿಳು ಕೈದಿಗಳ ಹತ್ಯೆಯಾಯಿತು. ಪಟ್ಟಿ ಹಿಡಿದು ಬಂದವರ ಕೆಲಸಕ್ಕೆ ಗಲಭೆ ಎಂಬ ಪದ ಹೊಂದುವುದಿಲ್ಲ. ಇಷ್ಟೇ ಕಟ್ಟುನಿಟ್ಟು ಇನ್ನೊಂದು ಕಡೆಗೂ ಬೇಕು: 1985ರ ಮೇ ತಿಂಗಳಲ್ಲಿ ಎಲ್‌ಟಿಟಿಇಯವರು ಅನುರಾಧಪುರದ ಬಸ್ ನಿಲ್ದಾಣದಲ್ಲಿ ಮತ್ತು ಬೌದ್ಧರ ಪವಿತ್ರ ಬೋಧಿವೃಕ್ಷದ ಬಳಿ 140ಕ್ಕೂ ಹೆಚ್ಚು ನಾಗರಿಕರನ್ನು ಕೊಂದದ್ದನ್ನು ‘ಕಾರ್ಯಾಚರಣೆ’ ಎಂದು ಹೇಳುವ ಸಂದರ್ಶಿತರು ನಿಮ್ಮಲ್ಲಿದ್ದರೆ, ಅವರ ಮಾತು ಹಾಗೆಯೇ ಇರಲಿ, ನಿಮ್ಮ ನಿರೂಪಣೆ ಮಾತ್ರ ಆ ಪದವನ್ನು ಎರವಲು ಪಡೆಯಬಾರದು.

ಹಾಗಾದರೆ ಸಮತೋಲನ ಎನ್ನುವುದೇ ಇಲ್ಲವೇ? ಇದೆ, ಮತ್ತು ಅದು ಬಹಳ ಕಷ್ಟದ್ದು. ಮಾತಿಗೆ ಕೊಡುವ ಸಮಯದಲ್ಲಿ ಅಲ್ಲ, ಮಾತನ್ನು ಒರೆಗೆ ಹಚ್ಚುವ ಕ್ರಮದಲ್ಲಿ ಅದು ಇರಬೇಕು: ನಿಮಗೆ ಇಷ್ಟವಾದ ಸಾಕ್ಷಿಗೂ ಇಷ್ಟವಾಗದ ಸಾಕ್ಷಿಗೂ ಒಂದೇ ತಕ್ಕಡಿ. 2009ರ ಆಗಸ್ಟ್‌ನಲ್ಲಿ ಬ್ರಿಟನ್ನಿನ ಚಾನೆಲ್ 4 ಒಂದು ಮೊಬೈಲ್ ಫೋನ್ ವಿಡಿಯೊವನ್ನು ಪ್ರಸಾರ ಮಾಡಿತು. ಸಮವಸ್ತ್ರದಲ್ಲಿದ್ದವರು, ಕೈಕಟ್ಟಿದ ಬೆತ್ತಲೆ ಗಂಡಸರನ್ನು ಗುಂಡಿಟ್ಟು ಕೊಲ್ಲುವ ದೃಶ್ಯ ಅದರಲ್ಲಿತ್ತು. ಶ್ರೀಲಂಕಾ ಸರ್ಕಾರ ಅದನ್ನು ನಕಲಿ ಎಂದಿತು. ಆಗ ವಿಶ್ವಸಂಸ್ಥೆಯ ವಿಶೇಷ ವರದಿಗಾರರಾಗಿದ್ದ ಫಿಲಿಪ್ ಆಲ್‌ಸ್ಟನ್ ಮೂವರು ತಜ್ಞರಿಗೆ, ಅಂದರೆ ಒಬ್ಬ ವಿಧಿವಿಜ್ಞಾನ ವೈದ್ಯರು, ಒಬ್ಬ ಬಂದೂಕು ತಜ್ಞರು, ಒಬ್ಬ ವಿಡಿಯೊ ವಿಶ್ಲೇಷಕರು, ಪರೀಕ್ಷೆಗೆ ಕೊಟ್ಟರು. ರಕ್ತ ಹರಿದ ರೀತಿ, ಬಂದೂಕಿನ ಹಿನ್ನೊದೆತ, ಫೈಲಿನ ರಚನೆ ಎಲ್ಲವನ್ನೂ ನೋಡಿ 2010ರ ಜನವರಿಯಲ್ಲಿ ಅವರು ಇದು ಅಸಲಿಯೆಂಬುದರ ಕಡೆಗೇ ಬಲವಾಗಿ ವಾಲಿದರು. ಆಲ್‌ಸ್ಟನ್ ಸ್ಥಾನಕ್ಕೆ ಬಂದ ಕ್ರಿಸ್ಟಾಫ್ ಹೇಯ್ನ್ಸ್ ಮುಂದಿನ ವರ್ಷ ವಿಡಿಯೊದ ದೀರ್ಘ ರೂಪವನ್ನು ಪರಿಶೀಲಿಸಿ ಅದೇ ತೀರ್ಮಾನಕ್ಕೆ ಬಂದರು. ನನಗೆ ಇದರಲ್ಲಿ ಬಹಳ ಹಿಡಿಸಿದ್ದು ಬೇರೆಯೇ: ತಮಗೆ ವಿವರಿಸಲು ಬಾರದ ಒಂದೆರಡು ಅಂಶಗಳನ್ನು ಆಲ್‌ಸ್ಟನ್ ಅಡಗಿಸದೆ ಬರೆದರು, ಅವು ಒಟ್ಟು ತೀರ್ಮಾನವನ್ನು ಏಕೆ ಬದಲಿಸುವುದಿಲ್ಲ ಎಂದೂ ಬರೆದರು. ಅಂಥ ಪ್ರಾಮಾಣಿಕತೆ ತೆರೆಯ ಮೇಲೆ ಹತ್ತು ಸೆಕೆಂಡುಗಳ ಅಕ್ಷರಗಳಲ್ಲಿ ಮುಗಿಯುತ್ತದೆ, ಆದರೆ ಚಿತ್ರದ ಉಳಿದೆಲ್ಲ ಭಾಗಕ್ಕೆ ತೂಕ ತರುತ್ತದೆ.

ಈ ಒಂದೇ ತಕ್ಕಡಿಯ ಮಾದರಿ ಬೇಕಿದ್ದರೆ ವಿಶ್ವಸಂಸ್ಥೆಯ ತಜ್ಞರ ಸಮಿತಿ 2011ರಲ್ಲಿ ಕೊಟ್ಟ ವರದಿಯನ್ನು ಓದಿ. ಯುದ್ಧದ ಕೊನೆಯ ತಿಂಗಳುಗಳಲ್ಲಿ ಸರ್ಕಾರಿ ಪಡೆಗಳು ತಾವೇ ಘೋಷಿಸಿದ ‘ಗುಂಡಿನ ದಾಳಿ ರಹಿತ ವಲಯ’ಗಳ ಮೇಲೂ ಆಸ್ಪತ್ರೆಗಳ ಮೇಲೂ ಷೆಲ್ ಸುರಿಸಿದವೆಂಬ ಆರೋಪವೂ, ಎಲ್‌ಟಿಟಿಇ ನಾಗರಿಕರನ್ನು ಗುರಾಣಿಯಂತೆ ಹಿಡಿದಿಟ್ಟು ತಪ್ಪಿಸಿಕೊಳ್ಳಲು ಹೊರಟವರನ್ನು ಗುಂಡಿಟ್ಟಿತು, ಮಕ್ಕಳನ್ನು ಬಲವಂತವಾಗಿ ಪಡೆಗೆ ಸೇರಿಸಿತು ಎಂಬ ಆರೋಪವೂ ಅದರಲ್ಲಿ ನಂಬಲರ್ಹವೆಂದು ದಾಖಲಾಗಿವೆ. ಸತ್ತ ನಾಗರಿಕರ ಸಂಖ್ಯೆ 40,000ದವರೆಗೂ ಇರಬಹುದೆಂದು ಅದು ಹೇಳಿತು. ಗಮನಿಸಿ, ಎರಡೂ ಆರೋಪಗಳಿಗೆ ಸಮಾನ ಪುಟಗಳಿಲ್ಲ, ಮತ್ತು ಇರಬೇಕಾಗಿಯೂ ಇಲ್ಲ. ಸಾಕ್ಷ್ಯ ಎಷ್ಟಿದೆಯೋ ಅಷ್ಟು ಉದ್ದ.

ಸಂಗ್ರಹದ ದೃಶ್ಯಗಳನ್ನು ಬಳಸುವಾಗಲೂ ಇದೇ ಶಿಸ್ತು. ನಾನೇ ಒಮ್ಮೆ ಸುಟ್ಟ ಬೀದಿಯೊಂದರ ಎಂಟು ಸೆಕೆಂಡಿನ ತುಣುಕನ್ನು ಮಾರಾಟದ ಸಂಗ್ರಹವೊಂದರ ಚೀಟಿಯಲ್ಲಿದ್ದ ವರ್ಷವನ್ನು ನಂಬಿ ಬಳಸಿದ್ದೆ. ಪ್ರದರ್ಶನದ ನಂತರ ಒಬ್ಬ ಹಿರಿಯರು ಎದ್ದು ನಿಂತು, ಹಿಂದೆ ಕಾಣುವ ಕಟ್ಟಡ ಆ ವರ್ಷ ಇನ್ನೂ ಕಟ್ಟಿಯೇ ಇರಲಿಲ್ಲ ಎಂದರು. ಅದಾದ ಮೇಲೆ ಉಳಿದ 50 ನಿಮಿಷವನ್ನು ಸಭಾಂಗಣದಲ್ಲಿ ಯಾರೂ ನಂಬಲಿಲ್ಲ, ನಂಬಬೇಕಾಗಿಯೂ ಇರಲಿಲ್ಲ.

ಇನ್ನು ಬಂದೂಕು ಹಿಡಿದಿದ್ದವರ ಸಂದರ್ಶನ. ‘ಏಕೆ ಮಾಡಿದಿರಿ?’ ಎಂದು ಕೇಳಬೇಡಿ. ಆ ಪ್ರಶ್ನೆಗೆ ಉತ್ತರ ಅವರ ಬಳಿ ಸಿದ್ಧವಾಗಿರುತ್ತದೆ. ವರ್ಷಗಟ್ಟಲೆ ತಮಗೆ ತಾವೇ ಹೇಳಿಕೊಂಡು ನುಣುಪಾದ ಉತ್ತರ ಅದು, ದೇಶ, ಜನಾಂಗ, ಸೇಡು ಎಲ್ಲವೂ ಅದರಲ್ಲಿ ಬಂದುಹೋಗುತ್ತದೆ. ‘ಹೇಗೆ?’ ಎಂದು ಕೇಳಿ. ಅಂದು ಎಷ್ಟು ಹೊತ್ತಿಗೆ ಎದ್ದಿರಿ, ಹೋಗಬೇಕೆಂದು ಹೇಳಿದವರು ಯಾರು, ಯಾವ ವಾಹನ, ಡೀಸೆಲ್ ಯಾರು ಹಾಕಿಸಿದರು, ಹೆಸರುಗಳು ಬಾಯಲ್ಲಿದ್ದವೋ ಹಾಳೆಯಲ್ಲಿದ್ದವೋ, ಮುಗಿದ ಮೇಲೆ ಎಲ್ಲಿ ಊಟ ಮಾಡಿದಿರಿ. ಇಂಥ ಪ್ರಶ್ನೆಗಳ ಮುಂದೆ ಸಿದ್ಧ ಉತ್ತರ ಕೆಲಸಕ್ಕೆ ಬರುವುದಿಲ್ಲ. ಆಗ ವ್ಯಾಕರಣಕ್ಕೆ ಕಿವಿಗೊಡಿ. ಕಳೆದ ಅರ್ಧ ಗಂಟೆಯಿಂದ ‘ನಾನು ಹೋದೆ, ನಾನು ನೋಡಿದೆ’ ಎನ್ನುತ್ತಿದ್ದ ಮನುಷ್ಯ ಇದ್ದಕ್ಕಿದ್ದಂತೆ ‘ಅಲ್ಲಿ ಕೆಲಸ ಆಯಿತು’, ‘ಅವರು ಹೋಗಿಬಿಟ್ಟರು’ ಎಂದು ಕರ್ತೃವಿಲ್ಲದ ವಾಕ್ಯಕ್ಕೆ ಜಾರಿದರೆ, ನೀವು ತಲುಪಬೇಕಾದ ಜಾಗ ಅದೇ. ಅಲ್ಲಿ ಸುಮ್ಮನಿರಿ. ಸಂಕಲನದಲ್ಲಿ ಆ ಮೌನವನ್ನು ಸುಟ್ಟ ಮನೆಯ ದೃಶ್ಯದಿಂದ ಮುಚ್ಚುವ ಚಪಲ ಬರುತ್ತದೆ, ತಡೆದುಕೊಳ್ಳಿ. ಸಂಗೀತವಂತೂ ಬೇಡವೇ ಬೇಡ.

ಅವರಿಗೆ ಗೌಪ್ಯತೆಯ ಭರವಸೆ ಕೊಡುವ ಮುನ್ನ ಅದನ್ನು ಉಳಿಸಿಕೊಳ್ಳಲು ನಿಮ್ಮಿಂದ ಆಗುತ್ತದೆಯೇ ಎಂದು ವಕೀಲರನ್ನು ಕೇಳಿ. ಮಾಜಿ ಯುಗೊಸ್ಲಾವಿಯಾದ ಯುದ್ಧಾಪರಾಧಗಳ ನ್ಯಾಯಮಂಡಳಿಯ ಮೇಲ್ಮನವಿ ಪೀಠವು 2002ರ ಡಿಸೆಂಬರ್‌ನಲ್ಲಿ, ಯುದ್ಧ ವರದಿಗಾರರನ್ನು ಸಾಕ್ಷಿ ಹೇಳಲು ಸುಮ್ಮನೆ ಒತ್ತಾಯಿಸುವಂತಿಲ್ಲ ಎಂದಿತು ನಿಜ, ಆದರೆ ಆ ಸಾಕ್ಷ್ಯ ಪ್ರಕರಣದ ಮುಖ್ಯ ಅಂಶಕ್ಕೆ ನೇರವಾಗಿ ಸಂಬಂಧಪಟ್ಟಿದ್ದು ಬೇರೆಲ್ಲೂ ಸಿಗದಿದ್ದರೆ ಒತ್ತಾಯಿಸಬಹುದು ಎಂದೂ ಹೇಳಿತು. ತಪ್ಪೊಪ್ಪಿಗೆಯಂಥ ಒಂದು ಸಂದರ್ಶನ ಈ ಎರಡೂ ಷರತ್ತುಗಳಿಗೆ ಸರಿಯಾಗಿ ಹೊಂದುವ ವಸ್ತು. ಆದ್ದರಿಂದ ‘ಇದು ನಮ್ಮಿಬ್ಬರ ನಡುವೆಯೇ ಇರುತ್ತದೆ’ ಎಂದು ಕ್ಯಾಮೆರಾ ಆರಿಸಿದ ಮೇಲೂ ಹೇಳಬೇಡಿ.

ನೊಂದವರ ವಿಷಯದಲ್ಲಿ ನಾನು ಹೇಳಬೇಕಾದ ಮೊದಲ ಮಾತು: ಅವರು ಈಗಾಗಲೇ ಹೇಳಿದ್ದಾರೆ. ಕಿಳಿನೊಚ್ಚಿಯಲ್ಲಿ 2017ರ ಫೆಬ್ರುವರಿಯಿಂದ ರಸ್ತೆ ಬದಿಯಲ್ಲಿ ಧರಣಿ ಕೂತ ತಾಯಂದಿರು ಕಾಣೆಯಾದ ಮಕ್ಕಳ ಫೋಟೊಗಳನ್ನು ಹಿಡಿದು ಒಂದಾದ ಮೇಲೊಂದು ಆಯೋಗದ ಮುಂದೆ, ವಿದೇಶಿ ಪ್ರತಿನಿಧಿಗಳ ಮುಂದೆ, ಬಂದುಹೋಗುವ ಕ್ಯಾಮೆರಾಗಳ ಮುಂದೆ ಅದೇ ಕಥೆಯನ್ನು ಹೇಳುತ್ತಾ ಬಂದಿದ್ದಾರೆ; ಕಾಯುತ್ತಲೇ ತೀರಿಕೊಂಡವರೂ ಅವರಲ್ಲಿ ಅನೇಕರು. ನೀವು ಹೋದ ತಕ್ಷಣ ಫೋಟೊವನ್ನು ಎದೆಯ ಮಟ್ಟಕ್ಕೆ ಎತ್ತಿ ಹಿಡಿಯುತ್ತಾರೆ, ಏಕೆಂದರೆ ಕ್ಯಾಮೆರಾಗಳಿಗೆ ಅದು ಬೇಕೆಂದು ಅವರಿಗೆ ಗೊತ್ತಾಗಿದೆ. ಆ ಭಂಗಿಯನ್ನು ಇನ್ನೊಮ್ಮೆ ತೆಗೆದುಕೊಂಡು ಬರಲು ಅಷ್ಟು ದೂರ ಹೋಗಬೇಕಿಲ್ಲ. ಹಿಂದಿನ ಹೇಳಿಕೆಗಳನ್ನು ಓದಿಕೊಂಡು ಹೋಗಿ, ಆ ದಿನದ ವಿವರವನ್ನು ಮತ್ತೆ ಹೇಳಿಸಬೇಡಿ. ಫೋಟೊ ತೆಗೆದದ್ದು ಯಾವಾಗ, ಅಂಗಿ ಯಾರದು, ಅದಕ್ಕೆ ಪ್ಲಾಸ್ಟಿಕ್ ಹೊದಿಕೆ ಹಾಕಿಸಿದ್ದು ಎಷ್ಟನೆಯ ಸಲ ಎಂದು ಕೇಳಿ. ಲೈಂಗಿಕ ಹಿಂಸೆಗೆ ಒಳಗಾದವರೊಂದಿಗೆ ಮಾತನಾಡುವವರು ಅಂಥ ಸಂದರ್ಶನಗಳಿಗೆಂದೇ ರೂಪಿಸಿದ ನಡತೆಯ ನಿಯಮಾವಳಿಯಾದ, 2022ರಲ್ಲಿ ಪ್ರಕಟವಾದ ಮುರಾದ್ ಸಂಹಿತೆಯನ್ನು ಓದದೆ ಹೋಗಬಾರದು. ಈ ಸಂದರ್ಶನ ನಿಜವಾಗಿಯೂ ಬೇಕೇ ಎಂಬ ಪ್ರಶ್ನೆಯನ್ನು ಅದು ಮೊದಲಿಗೇ ನಿಮ್ಮ ಮುಂದಿಡುತ್ತದೆ.

ಒಪ್ಪಿಗೆ ಪತ್ರಕ್ಕೆ ಒಮ್ಮೆ ಸಹಿ ಹಾಕಿಸಿಕೊಂಡರೆ ಸಾಲದು. ಇಂದು ಧೈರ್ಯವಾಗಿ ಮುಖ ತೋರಿಸಿದವರಿಗೆ ಮುಂದಿನ ಚುನಾವಣೆಯ ನಂತರ ಭಯವಾಗಬಹುದು. ಲಂಕೆಯಲ್ಲಿ 1979ರಲ್ಲಿ ತಾತ್ಕಾಲಿಕವೆಂದು ಬಂದ ಭಯೋತ್ಪಾದನೆ ತಡೆ ಕಾಯ್ದೆ 1982ರಲ್ಲಿ ಕಾಯಂ ಆಯಿತು. ಯುದ್ಧ ಮುಗಿದು ವರ್ಷಗಳಾದ ಮೇಲೂ ಅದರಡಿ ಬಂಧನಗಳಾದವು. ಜಾಫ್ನಾ ವಿಶ್ವವಿದ್ಯಾಲಯದ ಆವರಣದಲ್ಲಿದ್ದ, 2009ರಲ್ಲಿ ಯುದ್ಧದ ಕೊನೆಯ ಕಾಳಗ ನಡೆದ ಮುಳ್ಳಿವಾಯ್ಕಾಲ್‌ನಲ್ಲಿ ಸತ್ತವರ ಸ್ಮಾರಕವನ್ನು 2021ರ ಜನವರಿಯ ಒಂದು ರಾತ್ರಿ ಕೆಡವಿದರು. ಪ್ರತಿಭಟನೆಯ ನಂತರ ಮತ್ತೆ ಕಟ್ಟಬೇಕಾಯಿತು. ಸತ್ತವರನ್ನು ನೆನೆಯುವುದೇ ವಿವಾದವಾಗುವ ಕಡೆ ಮುಖವನ್ನು ಮಸುಕು ಮಾಡಿದರೆ ರಕ್ಷಣೆಯಾಯಿತೆಂದು ತಿಳಿಯಬೇಡಿ: ಊರಿನವರು ದನಿಯಿಂದ ಗುರುತು ಹಿಡಿಯುತ್ತಾರೆ, ಹಿನ್ನೆಲೆಯ ಬಾವಿಕಟ್ಟೆಯಿಂದ, ಕೈಬಳೆಯಿಂದ, ನಡಿಗೆಯಿಂದ ಹಿಡಿಯುತ್ತಾರೆ. ಅದಲ್ಲದೆ ಮಸುಕಾಗುವುದು ಅಂತಿಮ ಪ್ರತಿ ಮಾತ್ರ. ಮಸುಕಿಲ್ಲದ ಮೂಲ ನಿಮ್ಮ ಚೀಲದ ಹಾರ್ಡ್ ಡಿಸ್ಕಿನಲ್ಲಿ ವಿಮಾನ ನಿಲ್ದಾಣದ ತಪಾಸಣೆಯನ್ನು ದಾಟಬೇಕು. ಡಿಸ್ಕನ್ನು ಗೂಢಲಿಪೀಕರಿಸಿ, ಹೆಸರುಗಳ ಬದಲು ಸಂಖ್ಯೆಗಳನ್ನು ಬಳಸಿ, ಯಾವ ಸಂಖ್ಯೆ ಯಾರದು ಎಂಬ ಹಾಳೆಯನ್ನು ಡಿಸ್ಕಿನ ಜೊತೆ ಎಂದೂ ಒಯ್ಯಬೇಡಿ. ಸ್ಥಳೀಯ ಅನುವಾದಕರು, ಚಾಲಕರು, ಧ್ವನಿಮುದ್ರಕರು ನೀವು ಮರಳಿದ ಮೇಲೂ ಅಲ್ಲೇ ಇರುವವರು. ಇಂಡೊನೇಷ್ಯಾದ 1965-66ರ ಹತ್ಯೆಗಳ ಕುರಿತು 2012ರಲ್ಲಿ ಬಂದ ‘ದಿ ಆ್ಯಕ್ಟ್ ಆಫ್ ಕಿಲ್ಲಿಂಗ್’ ಚಿತ್ರದ ಕೊನೆಯ ಹೆಸರುಪಟ್ಟಿಯಲ್ಲಿ ಒಬ್ಬ ಸಹನಿರ್ದೇಶಕರೂ ಸೇರಿದಂತೆ ಹಲವರ ಹೆಸರಿನ ಜಾಗದಲ್ಲಿ ‘ಅನಾಮಧೇಯ’ ಎಂದಷ್ಟೇ ಇದೆ, ಕೊಲೆಗಳಾಗಿ ಸುಮಾರು ಅರ್ಧ ಶತಮಾನ ಕಳೆದ ಮೇಲೂ. ತೋರಿಸುವವರಿಗೂ ಅಪಾಯ ತಪ್ಪಿದ್ದಲ್ಲ: ಲಂಕೆಯ ಯುದ್ಧದ ಕೊನೆಯ ತಿಂಗಳುಗಳ ಕುರಿತ ಸಾಕ್ಷ್ಯಚಿತ್ರವೊಂದನ್ನು 2013ರಲ್ಲಿ ಕ್ವಾಲಾಲಂಪುರದಲ್ಲಿ ಪ್ರದರ್ಶಿಸಿದ್ದಕ್ಕಾಗಿ ಮಲೇಷ್ಯಾದ ಕಾರ್ಯಕರ್ತೆಯೊಬ್ಬರು ನಾಲ್ಕು ವರ್ಷ ನ್ಯಾಯಾಲಯ ಅಲೆದು ದಂಡ ಕಟ್ಟಬೇಕಾಯಿತು.

ನಿಮ್ಮ ಕಚ್ಚಾ ಪ್ರತಿಯನ್ನು ಎಸೆಯಬೇಕಾಗಿಲ್ಲ. ಸಂಕಲನದ ಟೈಮ್‌ಲೈನ್‌ನಲ್ಲಿ ಎಲ್ಲ ತುಣುಕುಗಳಿಗೂ ಸಮುದಾಯದ ಬಣ್ಣ ಕೊಟ್ಟಿರುತ್ತೀರಿ, ಒಂದಕ್ಕೆ ನೀಲಿ, ಇನ್ನೊಂದಕ್ಕೆ ಕೆಂಪು. ಆ ಬಣ್ಣಗಳನ್ನು ಒಮ್ಮೆ ಅಳಿಸಿಬಿಡಿ. ಬದಲಿಗೆ ಏನಾಯಿತೆಂಬುದರ ಮೇಲೆ ಗುರುತು ಹಾಕಿ: ಮನೆ ಬಿಟ್ಟವರು, ಮಗನನ್ನು ಒಪ್ಪಿಸಿದವರು, ಪಟ್ಟಿ ಮಾಡಿದವರು, ಬಚ್ಚಿಟ್ಟವರು, ತಮ್ಮವರಿಂದಲೇ ಬೆದರಿಕೆ ಕಂಡವರು, ಯಾವುದೂ ನಮಗೆ ಗೊತ್ತಿರಲಿಲ್ಲ ಎಂದವರು. ಒಂದು ವಾರ ಹೀಗೆ ಜೋಡಿಸಿ ನೋಡಿ. ಕೆಲವು ಕಂತೆಗಳಲ್ಲಿ ಒಂದೇ ಸಮುದಾಯದವರು ತುಂಬಿರುತ್ತಾರೆ, ಅದನ್ನು ಹಾಗೆಯೇ ಬಿಡಿ, ಏಕೆಂದರೆ ಅದು ಯುದ್ಧದ ನಿಜವಾದ ಓರೆ. ಸಮ ಮಾಡಲು ಹೋಗಿ ಅದನ್ನು ಅಳಿಸಬೇಡಿ. ಕೆಲವು ಕಂತೆಗಳಲ್ಲಿ ಮೂರು ನಾಲ್ಕು ಸಮುದಾಯದವರು ಅಕ್ಕಪಕ್ಕ ಬಂದು ಕೂರುತ್ತಾರೆ. ಕೆಲವು ಕಂತೆಗಳು ಖಾಲಿ ಉಳಿಯುತ್ತವೆ, ಮತ್ತು ಮುಂದಿನ ಪ್ರಯಾಣದಲ್ಲಿ ನೀವು ಯಾರನ್ನು ಹುಡುಕಬೇಕೆಂದು ಅವೇ ಹೇಳುತ್ತವೆ. ಉತ್ತರದಿಂದ ಹೊರಗಟ್ಟಲ್ಪಟ್ಟ ಮುಸ್ಲಿಮರು ನೆಲೆಸಿದ ಪುತ್ತಳಂನಿಂದ ಶುರು ಮಾಡಿ ಎಂದು ನನ್ನ ಸಲಹೆ.

ಕೊನೆಯದಾಗಿ ಒಂದು ಕೆಲಸದ ವಿಷಯ. ಸಬ್‌ಟೈಟಲ್‌ಗಳನ್ನು ಮೊದಲು ತಮಿಳು ಮತ್ತು ಸಿಂಹಳದಲ್ಲಿ ಮಾಡಿಸಿ, ಆಮೇಲೆ ಉಳಿದ ಭಾಷೆಗಳಲ್ಲಿ. ತಮಿಳು ಮಾತಿನ ಸಿಂಹಳ ಅನುವಾದವನ್ನು ಒಬ್ಬರಿಂದ ಮಾಡಿಸಿ, ಅದನ್ನು ಮೂಲ ಕೇಳದ ಇನ್ನೊಬ್ಬರಿಂದ ಮತ್ತೆ ತಮಿಳಿಗೆ ಮಾಡಿಸಿ, ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿ. ತಮಿಳು ಹೋರಾಟಗಾರರಿಗೆ ತಮಿಳರು ಬಳಸುವ ‘ಹುಡುಗರು’ ಎಂಬ ಪದ ಹೋಗಿಬರುವಾಗ ‘ಭಯೋತ್ಪಾದಕರು’ ಆಗಿದೆಯೇ, ‘ಸೈನಿಕರು’ ಎಂಬುದು ‘ವೀರಯೋಧರು’ ಆಗಿದೆಯೇ, ‘ಕೊಂದರು’ ಎಂಬುದು ‘ಸತ್ತರು’ ಆಗಿದೆಯೇ ಎಂದು ಸಾಲು ಸಾಲಾಗಿ ಪರೀಕ್ಷಿಸಿ. ಅದಕ್ಕೆ 70 ನಿಮಿಷದ ಚಿತ್ರಕ್ಕೂ ಮೂರು ವಾರ ಹಿಡಿಯುತ್ತದೆ. ಆ ಮೂರು ವಾರವನ್ನು ಬಜೆಟ್‌ನಲ್ಲಿ ಈಗಲೇ ಬರೆದಿಟ್ಟುಕೊಳ್ಳಿ.